ಸ್ವತಂತ್ರ ಚಲಚ್ಚಿತ್ರಗಳಲ್ಲಿ ಪರಿಸರಸಂಗೀತ: ರಾಜೀವ ತಾರಾನಾಥ, ಬಿ. ವಿ. ಕಾರಂತರ ಪ್ರಯೋಗಗಳು

೧

ಚಲಚ್ಚಿತ್ರದ ಸಂಗೀತವೆಂದೊಡನೆ ನಮ್ಮ ಜನಕ್ಕೆ ನೆನಪಾಗುವುದು ಹಾಡು. ಹಾಡಿನ ವಿಷಯವಾಗಿ ಬರೆಯುವವರಿಗೆ ಕೊರತೆಯಿಲ್ಲ. ಅದರ ಸಾಹಿತ್ಯ, ರಾಗ, ಗಾಯಕನ ಕಂಠ, ಮೂರೂ ಬೇರೆಬೇರೆಯಾಗಿ ಚರ್ಚೆಗೆ ಒದಗುತ್ತವೆ. ಆದರೆ ಹಾಡಿಗೆ ಎಡೆಗೊಡದ ಚಿತ್ರಗಳೂ ಉಂಟು. ಅಂಥವುಗಳಲ್ಲಿಯೂ ಸಂಗೀತಕಾರನೊಬ್ಬನ ಹೆಸರು ತೆರೆಯ ಮೇಲೆ ಕಾಣುತ್ತದೆ. ಅವನು ಮಾಡಿದುದೇನು, ಅದರ ಗುಣವೇನು, ದೋಷವೇನು ಎಂಬುದನ್ನು ನಮ್ಮ ವಿಮರ್ಶೆ ಅಷ್ಟಾಗಿ ವಿಚಾರಿಸಿದಂತೆ ತೋರುವುದಿಲ್ಲ. ‘ಹಿನ್ನೆಲೆಸಂಗೀತ ಹದವಾಗಿದೆ’ ಎಂಬ ಒಂದು ಮಾತಿನಲ್ಲಿ ಆತನಿಗೆ ಸಲ್ಲಬೇಕಾದ ಮರ್ಯಾದೆಯೆಲ್ಲ ಸಂದುಹೋಗುತ್ತದೆ.

ದೊಡ್ಡ ಬಂಡವಾಳದ ಆಶ್ರಯವಿಲ್ಲದೆ, ನಿರ್ದೇಶಕನ ಸ್ವಂತ ನಿರ್ಧಾರದಿಂದ ಹುಟ್ಟಿದ ಚಿತ್ರಗಳನ್ನು ಇಲ್ಲಿ ಸ್ವತಂತ್ರ ಚಿತ್ರಗಳೆಂದು ಕರೆದಿದೆ. ಕನ್ನಡದಲ್ಲಿ ೧೯೭೦ರ ‘ಸಂಸ್ಕಾರ’ದಿಂದ ಇವುಗಳ ಒಂದು ಪರಂಪರೆ ಮೊದಲಾಯಿತೆಂಬುದು ವಿದಿತವಾದ ಸಂಗತಿ. ಈ ಚಿತ್ರಗಳ ಸಂಗೀತ ಕಥೆಯನ್ನು ಹೇಳುವುದಿಲ್ಲ, ಪಾತ್ರವನ್ನು ಹೊಗಳುವುದಿಲ್ಲ, ಪ್ರೇಕ್ಷಕನಿಗೆ ಇಲ್ಲಿ ಅಳು, ಇಲ್ಲಿ ನಗು ಎಂದು ಸನ್ನೆ ಮಾಡುವುದಿಲ್ಲ. ಒಂದು ಸ್ಥಳದ ಗಾಳಿ, ಒಂದು ಮನೆಯ ಮೌನ, ಒಂದು ಮನಸ್ಸಿನ ಹೊಯ್ದಾಟ, ಇವುಗಳಿಗೆ ನಾದದ ಶರೀರವನ್ನು ಕೊಡುವುದು ಅದರ ಕೆಲಸ. ಬೇರೆ ಹೆಸರಿಲ್ಲದ್ದರಿಂದ ಇದನ್ನು ಪರಿಸರಸಂಗೀತವೆನ್ನೋಣ. ಇದನ್ನು ತೂಗುವ ಅಳತೆಗೋಲು ಯಾವುದು, ಆ ಅಳತೆಯಲ್ಲಿ ನಮ್ಮವರ ಪ್ರಯೋಗಗಳು ಎಷ್ಟರಮಟ್ಟಿಗೆ ನಿಲ್ಲುತ್ತವೆ ಎಂಬುದೇ ಪ್ರಕೃತ ಲೇಖನದ ವಿಷಯ.

೨

ಅಳತೆಗೋಲನ್ನು ಹುಡುಕಲು ನಾವು ಬಹಳ ದೂರ ಹೋಗಬೇಕಾಗಿಲ್ಲ. ಭರತನ ನಾಟ್ಯಶಾಸ್ತ್ರ ರಂಗಸಂಗೀತವನ್ನು ಕುರಿತು ಸೂಕ್ಷ್ಮವಾಗಿ ಆಲೋಚಿಸಿದ ಗ್ರಂಥ. ಅದು ಧ್ರುವಾಗೀತೆಗಳನ್ನು ಐದು ಬಗೆಯಾಗಿ ವಿಂಗಡಿಸುತ್ತದೆ: ಪಾತ್ರ ಬರುವಾಗಿನದು ಪ್ರಾವೇಶಿಕೀ, ಹೋಗುವಾಗಿನದು ನೈಷ್ಕ್ರಾಮಿಕೀ, ನಡೆಯುತ್ತಿರುವ ಭಾವವನ್ನು ಥಟ್ಟನೆ ಕದಲಿಸಿ ಬೇರೊಂದನ್ನು ತರುವುದು ಆಕ್ಷೇಪಿಕೀ, ಕದಲಿದ ಮನಸ್ಸನ್ನು ತಿಳಿಗೊಳಿಸುವುದು ಪ್ರಾಸಾದಿಕೀ, ಪ್ರಯೋಗದಲ್ಲಿ ಬಿದ್ದ ತೆರಪನ್ನೂ ತಪ್ಪನ್ನೂ ಮುಚ್ಚುವುದು ಆಂತರಾ. ಈ ವಿಂಗಡಣೆಯಲ್ಲಿ ವಿಮರ್ಶಕನಿಗೆ ಬಹು ಉಪಯುಕ್ತವಾದ ಒಂದು ಸೂಚನೆಯಿದೆ. ರಂಗದ ಸಂಗೀತವನ್ನು ಅದರ ಇಂಪಿನಿಂದ ಅಳೆಯಬಾರದು, ಅದು ಯಾವ ಕಾರ್ಯಕ್ಕಾಗಿ ಬಂದಿದೆ ಎಂಬುದರಿಂದ ಅಳೆಯಬೇಕು ಎಂಬುದೇ ಆ ಸೂಚನೆ. ಸಾಮಾನ್ಯ ಚಿತ್ರಗಳ ಹಿನ್ನೆಲೆಸಂಗೀತದ ಬಹುಭಾಗ ಆಂತರಾ ವರ್ಗಕ್ಕೆ ಸೇರಿದುದು. ಬರವಣಿಗೆ ಸಡಿಲವಾದೆಡೆ, ನಟನೆ ಜೊಳ್ಳಾದೆಡೆ ವಾದ್ಯವೃಂದ ಏರಿ ಬಂದು ತೂತನ್ನು ಮುಚ್ಚುತ್ತದೆ. ಸ್ವತಂತ್ರ ಚಿತ್ರಗಳ ಸಂಗೀತಕಾರ ಮೊದಲು ತ್ಯಜಿಸಿದುದು ಈ ಮುಚ್ಚುವ ಕೆಲಸವನ್ನು.

ಎರಡನೆಯ ಆಧಾರ ಆನಂದವರ್ಧನನದು. ಶಬ್ದಕ್ಕೆ ವಾಚ್ಯಾರ್ಥವಿದ್ದರೆ ಮಾತ್ರವೇ ವ್ಯಂಜಕತ್ವವೆಂಬ ವಾದವನ್ನು ನಿರಾಕರಿಸುವಾಗ ಆತನು ಗೀತದ ನಾದವನ್ನೇ ಉದಾಹರಣೆಯಾಗಿ ಕೊಡುತ್ತಾನೆ. ಯಾವ ಪದಾರ್ಥವನ್ನೂ ಹೇಳದ ಸ್ವರ ಕೂಡ ರಸಾದಿಗಳನ್ನು ವ್ಯಂಜಿಸಬಲ್ಲುದು. ಹೀಗಿರಲಾಗಿ, ಪರಿಸರಸಂಗೀತ ಧ್ವನಿತತ್ತ್ವದ ಶುದ್ಧ ನಿದರ್ಶನಗಳಲ್ಲಿ ಒಂದಾಗಬೇಕು. ಆದರೆ ಧ್ವನಿಗೆ ಒಂದು ನಿಯಮವಿದೆಯಷ್ಟೆ: ವ್ಯಂಗ್ಯವಾದುದನ್ನೇ ಮತ್ತೆ ವಾಚ್ಯವಾಗಿ ಹೇಳಿದರೆ ಸ್ವಾರಸ್ಯ ಕೆಡುತ್ತದೆ. ತೆರೆಯ ಮೇಲೆ ಕಣ್ಣೀರು ಕಾಣುತ್ತಿರುವಾಗ ಪಿಟೀಲು ಅತ್ತರೆ ಅದು ಪುನರುಕ್ತಿ.

ಈ ಎರಡನ್ನೂ ಸೇರಿಸಿ ಮೂರು ಪ್ರಶ್ನೆಗಳನ್ನು ಇಟ್ಟುಕೊಳ್ಳಬಹುದು. ಈ ನಾದ ಚಿತ್ರದ ಲೋಕದೊಳಗಿನಿಂದ ಹುಟ್ಟಿದುದೆ, ಹೊರಗಿನಿಂದ ಅಂಟಿಸಿದುದೆ? ಬಿಂಬ ಹೇಳದೆ ಉಳಿಸಿದುದನ್ನು ಅದು ಹೇಳುತ್ತದೆಯೆ? ಕೊನೆಯದಾಗಿ, ಆ ನಾದ ಯಾರ ಕಿವಿಗೆ ಬೀಳುತ್ತಿರುವ ನಾದ? ಈ ಮೂರನೆಯ ಪ್ರಶ್ನೆ ಕೇವಲ ಸೌಂದರ್ಯದ್ದಲ್ಲವೆಂಬುದು ಮುಂದೆ ಸ್ಪಷ್ಟವಾದೀತು.

೩

ನಮ್ಮವರ ಪ್ರಯೋಗಗಳಿಗೆ ಪೂರ್ವಭಾವಿಯಾದ ಎರಡು ಬಂಗಾಳಿ ನಿದರ್ಶನಗಳನ್ನು ಸ್ಮರಿಸುವುದು ಯುಕ್ತ. ೧೯೫೫ರ ‘ಪಥೇರ್ ಪಾಂಚಾಲಿ’ಗೆ ರವಿಶಂಕರರು ಸಂಗೀತವನ್ನು ಒದಗಿಸಿದುದು ಒಂದೇ ಬಾರಿ ನಡೆದ ದೀರ್ಘವಾದ ಮುದ್ರಣದಲ್ಲಿ. ಮಗಳು ದುರ್ಗೆ ತೀರಿಕೊಂಡ ಸಂಗತಿಯನ್ನರಿಯದೆ ಊರಿಗೆ ಮರಳಿದ ಹರಿಹರ ತಾನು ತಂದ ವಸ್ತುಗಳನ್ನು ಒಂದೊಂದಾಗಿ ತೋರಿಸುತ್ತಾನೆ. ಮಗಳಿಗೆಂದು ತಂದ ಸೀರೆಯನ್ನು ಕಂಡೊಡನೆ ತಾಯಿ ಸರ್ವಜಯಾ ಕುಸಿಯುತ್ತಾಳೆ. ಅವಳ ಬಾಯಿ ತೆರೆಯುತ್ತದೆ. ಆದರೆ ನಮಗೆ ಕೇಳುವುದು ಆಕೆಯ ರೋದನವಲ್ಲ, ತಾರಶಹನಾಯಿಯ ತಾರಸ್ಥಾಯಿಯ ಸ್ವರ. ಇಲ್ಲಿ ವಾದ್ಯ ದುಃಖಕ್ಕೆ ಹಿನ್ನೆಲೆಯಾಗಿ ಬಂದಿಲ್ಲ, ದುಃಖದ ಸ್ಥಾನದಲ್ಲೇ ಬಂದಿದೆ. ಅಳುವನ್ನು ತೆಗೆದು ಸ್ವರವನ್ನಿಟ್ಟದ್ದರಿಂದ ಒಬ್ಬ ತಾಯಿಯ ಶೋಕ ಸಾಧಾರಣೀಕೃತವಾಗಿ ಕರುಣವಾಯಿತು.

ಋತ್ವಿಕ್ ಘಟಕರ ‘ಮೇಘೇ ಢಾಕಾ ತಾರಾ’ (೧೯೬೦) ಹಿಡಿದ ಹಾದಿ ಇದಕ್ಕೆ ವಿರುದ್ಧವಾದುದು. ತಾನು ನಂಬಿದವನ ಕೋಣೆಯಲ್ಲಿ ತನ್ನ ತಂಗಿಯೇ ಇರುವಳೆಂದು ತಿಳಿದ ನೀತಾ ಮೆಟ್ಟಿಲಿಳಿದು ಬರುವಾಗ ಚಾವಟಿಯ ಏಟಿನ ಶಬ್ದ ಕೇಳುತ್ತದೆ. ಆ ಸ್ಥಳದಲ್ಲಿ ಚಾವಟಿಯೂ ಇಲ್ಲ, ಹೊಡೆಯುವವನೂ ಇಲ್ಲ. ಮುಖ ಕಷ್ಟಪಟ್ಟು ಅಡಗಿಸುತ್ತಿರುವುದನ್ನು ಶಬ್ದ ನಿರ್ದಾಕ್ಷಿಣ್ಯವಾಗಿ ಹೊರಗೆಡಹುತ್ತದೆ. ಭರತನ ಮಾತಿನಲ್ಲಿ ಹೇಳುವುದಾದರೆ ಇದು ಆಕ್ಷೇಪಿಕಿಯ ಪರಾಕಾಷ್ಠೆ. ಸಂಗೀತಕ್ಕೂ ಶಬ್ದಕ್ಕೂ ನಡುವಣ ಗಡಿ ಇಲ್ಲಿ ಅಳಿಸಿಹೋಗಿದೆ. ಇಂಥ ಅಳಿಸುವಿಕೆ ಬೇರೆ ದೇಶಗಳಲ್ಲಿಯೂ ನಡೆಯಿತು. ರಷ್ಯದ ತಾರ್ಕೊವ್ಸ್ಕಿಯ ‘ಸ್ಟಾಕರ್’ (೧೯೭೯) ಚಿತ್ರದಲ್ಲಿ ಮೂವರು ಪಯಣಿಗರನ್ನು ನಿಷಿದ್ಧಪ್ರದೇಶಕ್ಕೊಯ್ಯುವ ಹಳಿಬಂಡಿಯ ಟಕಟಕ ಸದ್ದು ಆರ್ತೆಮ್ಯೆವ್‌ನ ಕೈಯಲ್ಲಿ ಮೆಲ್ಲಮೆಲ್ಲನೆ ಸಂಗೀತವಾಗುತ್ತದೆ. ಸದ್ದು ಎಲ್ಲಿ ಮುಗಿಯಿತು, ಸ್ವರ ಎಲ್ಲಿ ತೊಡಗಿತು ಎಂದು ಬೆರಳಿಟ್ಟು ತೋರಿಸಲಾಗದು.

ವಾದ್ಯವನ್ನು ಮನುಷ್ಯಕಂಠದ ಸ್ಥಾನದಲ್ಲಿ ನಿಲ್ಲಿಸುವುದು ಒಂದು ದಾರಿ, ಲೋಕದ ಸದ್ದನ್ನೇ ಸಂಗೀತದ ಸ್ಥಾನಕ್ಕೇರಿಸುವುದು ಇನ್ನೊಂದು. ಕನ್ನಡಿಗರಿಬ್ಬರು ಈ ಎರಡು ದಾರಿಗಳಲ್ಲಿ ಒಂದೊಂದನ್ನು ಹಿಡಿದು ಬಹುದೂರ ನಡೆದರು.

೪

ಮೊದಲನೆಯವರು ರಾಜೀವ ತಾರಾನಾಥರು (೧೯೩೨–೨೦೨೪). ಪಂಡಿತ ತಾರಾನಾಥರ ಪುತ್ರರು, ಆಂಗ್ಲಸಾಹಿತ್ಯದ ಅಧ್ಯಾಪಕರು, ಅಲಿ ಅಕ್ಬರ್ ಖಾನರ ಶಿಷ್ಯರಾಗಿ ಸರೋದ್ ವಾದನದಲ್ಲಿ ಖ್ಯಾತಿವೆತ್ತವರು. ‘ಸಂಸ್ಕಾರ’ದ ಸಂಗೀತ ಅವರದು. ಅದರ ತರುವಾಯ ‘ಪಲ್ಲವಿ’ (೧೯೭೬) ಮತ್ತು ಮಲಯಾಳದ ಅರವಿಂದನ್ನರ ‘ಕಾಂಚನಸೀತ’ (೧೯೭೭), ‘ಪೋಕ್ಕುವೆಯಿಲ್’ (೧೯೮೧) ಮೊದಲಾದವುಗಳಿಗೂ ಅವರು ಸಂಗೀತವಿತ್ತರು.

ಸರೋದಿನ ಸ್ವಭಾವವನ್ನು ಇಲ್ಲಿ ತುಸು ಗಮನಿಸಬೇಕು. ಅದಕ್ಕೆ ಮೆಟ್ಟಿಲುಗಳಿಲ್ಲ, ನುಣುಪಾದ ಲೋಹದ ಪಟ್ಟಿಯ ಮೇಲೆ ತಂತಿಯನ್ನು ಜಾರಿಸಿ ಸ್ವರದಿಂದ ಸ್ವರಕ್ಕೆ ಹೋಗಬೇಕು. ಮೀಟಿದ ಸ್ವರ ಬೇಗ ಕ್ಷೀಣಿಸುತ್ತದೆ; ಕೆಳಗಣ ತರಫಿನ ತಂತಿಗಳು ಅದರ ನೆನಪನ್ನು ಕೊಂಚಕಾಲ ಹಿಡಿದಿರುತ್ತವೆ. ಒಂದು ಪೆಟ್ಟು, ಅದರ ಅಳಿಯುವಿಕೆ, ಅಳಿದ ಮೇಲೆ ಉಳಿಯುವ ಅನುರಣನ: ಪರಿಸರಸಂಗೀತಕ್ಕೆ ಇದಕ್ಕಿಂತ ಹೊಂದುವ ವಾದ್ಯಧರ್ಮ ಅಪರೂಪ. ಅದರ ಮೇಲೆ ಆಲಾಪದ ಶಿಕ್ಷಣ. ತಾಳದ ಹಂಗಿಲ್ಲದೆ, ಒಂದು ಸ್ವರದ ಬಳಿ ತಂಗಿ, ಮುಂದಿನದನ್ನು ಅರಸುತ್ತ ಹೋಗುವ ಆಲಾಪ ಕಾಲವನ್ನು ಹಿಗ್ಗಿಸಬಲ್ಲುದು. ಕಾದುಕುಳಿತವರ ಕಾಲ, ಶಂಕೆಯ ಕಾಲ, ಹೆಣ ಕೊಳೆಯುತ್ತಿರುವಾಗ ಶಾಸ್ತ್ರದಲ್ಲಿ ಉತ್ತರ ಹುಡುಕುವವನ ಕಾಲ.

‘ಕಾಂಚನಸೀತ’ ಸಂಗೀತಕಾರನಿಗೆ ಒಡ್ಡಿದ ಸಮಸ್ಯೆ ಅಸಾಧಾರಣವಾದುದು. ಉತ್ತರರಾಮಾಯಣದ ಆ ಕಥೆಯಲ್ಲಿ ಸೀತೆ ತೆರೆಯ ಮೇಲೆ ಒಮ್ಮೆಯೂ ಕಾಣುವುದಿಲ್ಲ. ಆಂಧ್ರದ ಕಾಡಿನ ಗಿರಿಜನರೇ ರಾಮಾದಿಗಳ ಪಾತ್ರವನ್ನು ಧರಿಸಿದ ಆ ಚಿತ್ರದಲ್ಲಿ ಸೀತೆ ಗಾಳಿಯಾಗಿ, ಎಲೆಗಳ ಅಲುಗಾಟವಾಗಿ, ಮಳೆಯಾಗಿ ಇರುವಳು. ನಾಯಿಕೆಯೇ ಪ್ರಕೃತಿಯಾದ ಬಳಿಕ ಪ್ರಕೃತಿಯ ಸದ್ದು ಪಾತ್ರದ ಮಾತಾಯಿತು. ಅದರ ಮೇಲೆ ಸಂಗೀತ ಹರಿದರೆ ನಾಯಿಕೆಯ ಬಾಯನ್ನೇ ಮುಚ್ಚಿದಂತಾಗುತ್ತದೆ; ಸಂಗೀತವೇ ಇಲ್ಲದಿದ್ದರೆ ಮರದ ಮರ್ಮರ ಬರಿಯ ಮರ್ಮರವಾಗಿ ಉಳಿಯುತ್ತದೆ. ಗಾಳಿಯಲ್ಲಿ ಸೀತೆಯನ್ನು ಕಾಣುವಂತೆ ಪ್ರೇಕ್ಷಕನ ಕಿವಿಯನ್ನು ಹದಗೊಳಿಸಿ, ಆಮೇಲೆ ತಾನು ಸರಿದುಕೊಳ್ಳುವುದು ಇಲ್ಲಿ ಸಂಗೀತದ ಧರ್ಮ. ಹಿಂದೆ ಸರಿಯುವುದನ್ನು ಕಲಿಯದ ವಿದ್ವಾಂಸನಿಗೆ ಇದು ಸಾಧ್ಯವಾಗದು.

‘ಪೋಕ್ಕುವೆಯಿಲ್’ ಇನ್ನೂ ಸಾಹಸದ ಪ್ರಯೋಗ. ಅಲ್ಲಿ ಹರಿಪ್ರಸಾದ ಚೌರಾಸಿಯಾರ ಕೊಳಲು ರಾಜೀವರ ಸರೋದಿನೊಡನೆ ಸೇರಿತು. ದೃಶ್ಯಗಳನ್ನು ಸಂಗೀತದ ಸ್ವರಸಂಯೋಜನೆಗೆ ಅನುಗುಣವಾಗಿ ಅಳವಡಿಸಲಾಯಿತು. ಚಿತ್ರದ ಹಿಂದೆ ಸಂಗೀತ ಬರುವ ಪದ್ಧತಿಗೆ ಬದಲಾಗಿ ಸಂಗೀತದ ಹಿಂದೆ ಚಿತ್ರ ಬಂದಿತು. ಬುದ್ಧಿಯ ಸ್ತಿಮಿತವನ್ನು ಕಳೆದುಕೊಳ್ಳುತ್ತಿರುವ ತರುಣನೊಬ್ಬನ ಕಥೆಗೆ ಈ ವ್ಯತ್ಯಾಸ ಒಪ್ಪುತ್ತದೆ. ಅಂಥವನ ಒಳಗಿನ ಕಾಲ ಗಡಿಯಾರದ ಕಾಲವಲ್ಲ. ಆದರೆ ಇದರಲ್ಲಿ ಒಂದು ಅಪಾಯವೂ ಅಡಗಿದೆ. ರಾಗ ಸ್ವಯಂಪೂರ್ಣವಾದ ವಸ್ತು. ತನ್ನದೇ ಆದ ಸ್ಮೃತಿಯನ್ನೂ ಕಛೇರಿಯ ಗಾಂಭೀರ್ಯವನ್ನೂ ಅದು ಜೊತೆಗೆ ತರುತ್ತದೆ. ರಾಗವನ್ನು ಬಲ್ಲ ಸಹೃದಯ ಅದರ ಹಿಂದೆಯೇ ಹೋಗಿ ಹುಡುಗನನ್ನು ಮರೆತಾನು. ಅರಿಯದವನಿಗೆ ಅದು ಬರಿಯ ಮಾಧುರ್ಯವಾಗಿ ಕೇಳೀತು. ಮನಸ್ಸು ಒಡೆಯುತ್ತಿರುವಾಗ ನಾದ ಇಷ್ಟು ಅಖಂಡವಾಗಿರಬಹುದೆ ಎಂಬ ಸಂದೇಹ ಉಳಿದೇ ಉಳಿಯುತ್ತದೆ.

೫

ಬಿ. ವಿ. ಕಾರಂತರ (೧೯೨೯–೨೦೦೨) ದಾರಿ ಬೇರೆ. ದಕ್ಷಿಣ ಕನ್ನಡದ ಬಂಟವಾಳದ ಕಡೆಯಿಂದ ಬಂದು, ಎಳವೆಯಲ್ಲಿಯೇ ಗುಬ್ಬಿ ವೀರಣ್ಣನವರ ನಾಟಕ ಕಂಪನಿಯನ್ನು ಸೇರಿ, ಕಾಶಿಯಲ್ಲಿ ಓಂಕಾರನಾಥ ಠಾಕೂರರಲ್ಲಿ ಹಿಂದೂಸ್ಥಾನೀ ಸಂಗೀತವನ್ನು ಅಭ್ಯಸಿಸಿದವರು ಅವರು. ಕಂಪನಿ ನಾಟಕದ ಮಟ್ಟು, ಯಕ್ಷಗಾನದ ಚಂಡೆ, ಶಾಸ್ತ್ರೀಯ ಗಾಯನ, ಮೂರೂ ಅವರಲ್ಲಿ ಕೂಡಿದ್ದವು. ಆದರೂ ಅವರ ವೈಶಿಷ್ಟ್ಯ ಈ ಮೂರರಲ್ಲಿಯೂ ಇಲ್ಲ. ಕೋಲು, ಕಲ್ಲು, ಪಾತ್ರೆ, ಮನುಷ್ಯನ ಉಸಿರು, ಯಾವುದನ್ನು ಬೇಕಾದರೂ ವಾದ್ಯವಾಗಿಸಬಲ್ಲೆನೆಂಬ ಧೈರ್ಯದಲ್ಲಿ ಅದು ಇದೆ. ನಾದಕ್ಕೆ ಕುಲಭೇದವಿಲ್ಲವೆಂಬುದು ಅವರ ಸಂಗೀತದ ಮೂಲತತ್ತ್ವವೆನ್ನಬಹುದು. ೧೯೭೬ರ ‘ಋಷ್ಯಶೃಂಗ’, ೧೯೭೭ರ ‘ಘಟಶ್ರಾದ್ಧ’ ಇವೆರಡರ ಸಂಗೀತಕ್ಕೂ ಅವರಿಗೆ ರಾಷ್ಟ್ರಪ್ರಶಸ್ತಿ ಸಂದಿತು. ಮೃಣಾಲ್ ಸೇನರು ‘ಪರಶುರಾಮ’ (೧೯೭೮), ‘ಏಕ್ ದಿನ್ ಪ್ರತಿದಿನ್’ (೧೯೭೯) ಮೊದಲಾದ ತಮ್ಮ ಚಿತ್ರಗಳಿಗೆ ಅವರನ್ನೇ ಕರೆಸಿಕೊಂಡರೆಂಬುದು ಈ ತತ್ತ್ವ ಮಲೆನಾಡಿನ ಎಲ್ಲೆಗೆ ಸೀಮಿತವಾಗಿರಲಿಲ್ಲವೆಂಬುದಕ್ಕೆ ಸಾಕ್ಷಿ.

ಇಲ್ಲಿ ವಿಶೇಷವಾಗಿ ಪರೀಕ್ಷಿಸಬೇಕಾದುದು ಎರಡು ಚಿತ್ರಗಳನ್ನು. ಎರಡರಲ್ಲಿಯೂ ಚರ್ಮವಾದ್ಯವೇ ಪ್ರಧಾನವಾದ ಪ್ರಶ್ನೆ. ಶಿವರಾಮ ಕಾರಂತರ ೧೯೩೩ರ ಕಾದಂಬರಿಯನ್ನು ಆಧರಿಸಿ ಬಿ. ವಿ. ಕಾರಂತರೇ ನಿರ್ದೇಶಿಸಿದ ‘ಚೋಮನ ದುಡಿ’ (೧೯೭೫) ಮೊದಲನೆಯದು. ದುಡಿ ಅಲ್ಲಿ ಹಿನ್ನೆಲೆಯಲ್ಲ. ಅದು ಚೋಮನ ಕೈಯಲ್ಲಿಯೇ ಇದೆ. ಭೂಮಿಯನ್ನು ಸಾಗುವಳಿ ಮಾಡುವ ಹಕ್ಕು ಜಾತಿಯ ಕಾರಣದಿಂದ ತನಗಿಲ್ಲವಾಗಿ, ಸಾಲ ತೀರದೆ, ಮಕ್ಕಳು ಒಬ್ಬೊಬ್ಬರಾಗಿ ಕೈಬಿಟ್ಟು ಹೋದಂತೆಲ್ಲ ಅವನ ಸಿಟ್ಟು, ಸೋಲು, ಪ್ರಶ್ನೆ, ಎಲ್ಲವೂ ಬೆರಳ ತುದಿಗೆ ಇಳಿಯುತ್ತವೆ. ಒಡೆಯನ ಮುಂದೆ ಎತ್ತಲಾಗದ ಸ್ವರವನ್ನು ಆತನು ದುಡಿಯಲ್ಲಿ ಎತ್ತುತ್ತಾನೆ. ಕೊನೆಯಲ್ಲಿ ಬಾಗಿಲನ್ನು ಮುಚ್ಚಿಕೊಂಡು ಬಾರಿಸುತ್ತ ಪ್ರಾಣವನ್ನು ಬಿಡುತ್ತಾನೆ. ಸದ್ದು ನಿಂತುದೇ ಸಾವಿನ ವಾರ್ತೆ. ನಾವು ಮೊದಲಿಟ್ಟ ಪ್ರಶ್ನೆಗಳಲ್ಲಿ ಮೊದಲೆರಡಕ್ಕೂ ಇದು ಸಂಪೂರ್ಣವಾದ ಉತ್ತರ. ಸಂಗೀತಕಾರ ಹೊರಗಿನಿಂದ ಏನನ್ನೂ ತರಬೇಕಾಗಿಲ್ಲ. ಬಡಿತದ ಲಯವನ್ನು ಎಲ್ಲಿ ಬಿಗಿಗೊಳಿಸಬೇಕು, ಎಲ್ಲಿ ನಿಲ್ಲಿಸಬೇಕು ಎಂಬುದಷ್ಟೇ ಅವನ ರಚನೆ.

ಎರಡನೆಯದು ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’. ವೇದಾಧ್ಯಯನಕ್ಕೆಂದು ಬಂದ ನಾಣಿಯೆಂಬ ಬಾಲಕ, ಗುರುಗಳಾದ ಉಡುಪರ ವಿಧವೆ ಮಗಳು ಯಮುನೆ, ಅವಳ ಗರ್ಭ, ಅದರ ಗತಿ: ಅನಂತಮೂರ್ತಿಯವರ ಈ ಕಥೆ ಕನ್ನಡ ವಾಚಕರಿಗೆ ಸುಪರಿಚಿತ. ಚಿತ್ರದಲ್ಲಿ ಎರಡು ನಾದಗಳು ಎದುರುಬದುರಾಗಿ ನಿಂತಿವೆ. ಒಂದು, ಪಾಠಶಾಲೆಯ ಮಂತ್ರಘೋಷ. ಏರಿಳಿತ ಶಾಸ್ತ್ರಬದ್ಧವಾದುದು, ಹಗಲಿನದು, ಮನೆಯೊಳಗಿನದು. ಇನ್ನೊಂದು, ಗರ್ಭಪಾತದ ರಾತ್ರಿ ಕೇಳುವ ಚರ್ಮವಾದ್ಯದ ಬಡಿತ; ಕಾಡಿನದು, ಅಗ್ರಹಾರದ ಎಲ್ಲೆಯಾಚೆಗಿನದು. ಒಳಗೆ ಹೆಣ್ಣಿನ ಯಾತನೆ, ಹೊರಗೆ ಬಡಿತ, ನಡುವೆ ಏನೂ ಅರ್ಥವಾಗದೆ ಎಲ್ಲವನ್ನೂ ಅರಿಯುತ್ತಿರುವ ಹುಡುಗ. ಆ ಬಡಿತ ಯಮುನೆಯ ನೋವನ್ನು ಹೇಳುತ್ತಿಲ್ಲ. ತನ್ನ ಪಾಡಿಗೆ ತಾನು ನಡೆದಿದೆ, ಅವಳ ನೋವಿಗೆ ಉದಾಸೀನವಾಗಿದೆ. ಉದಾಸೀನವಾದುದರಿಂದಲೇ ಅದು ಅಷ್ಟು ಭಯಂಕರ. ಕರುಣಸ್ವರದ ಪಿಟೀಲೊಂದು ಇಲ್ಲಿ ಬಂದಿದ್ದರೆ ಪ್ರೇಕ್ಷಕನಿಗೆ ಅಳುವ ಅವಕಾಶ ಸಿಕ್ಕುತ್ತಿತ್ತು, ಪಾರಾಗುವ ದಾರಿಯೂ ಸಿಕ್ಕುತ್ತಿತ್ತು.

ಇಷ್ಟರಮಟ್ಟಿಗೆ ಪ್ರಶಂಸೆ ನಿರ್ವಿವಾದ. ಈಗ ಮೂರನೆಯ ಪ್ರಶ್ನೆ. ಎರಡು ವರ್ಷಗಳ ಹಿಂದೆ ಅಸ್ಪೃಶ್ಯನೆನಿಸಿದವನ ಅಂತರಾತ್ಮವೇ ಆಗಿದ್ದ ಚರ್ಮವಾದ್ಯ, ಅದೇ ಸಂಗೀತಕಾರನ ಕೈಯಲ್ಲಿ, ಈಗ ಅಗ್ರಹಾರದ ಹುಡುಗನ ಭೀತಿಗೆ ಸಂಕೇತವಾಯಿತಲ್ಲ! ‘ಚೋಮನ ದುಡಿ’ಯಲ್ಲಿ ವಾದ್ಯವನ್ನು ಬಾರಿಸುವವನ ಕಡೆಯಿಂದ ಕೇಳುತ್ತೇವೆ, ‘ಘಟಶ್ರಾದ್ಧ’ದಲ್ಲಿ ದೂರ ನಿಂತು ಬೆದರಿದವನ ಕಡೆಯಿಂದ. ಚರ್ಮವಾದ್ಯವೆಂದರೆ ಕತ್ತಲು, ಕಾಡು, ಅನಾಗರಿಕತೆ ಎಂಬ ಸಂಸ್ಕಾರ ನಮ್ಮ ಚಿತ್ರಗಳಲ್ಲಿ ಬಹುಕಾಲದಿಂದ ಬೇರೂರಿದೆ. ಪ್ರತಿಭಾಶಾಲಿಯ ಕೈಯಲ್ಲಿ ಆ ಸಂಸ್ಕಾರಕ್ಕೆ ಹೊಸ ಬಲ ಬಂದಿತೆ ಎಂದು ಕೇಳುವುದು ಅನುಚಿತವಾಗಲಾರದು.

ಇದಕ್ಕೆ ಒಂದು ಸಮಾಧಾನವುಂಟು. ಅದು ಚಿತ್ರದ ರಚನೆಯಲ್ಲಿಯೇ ಇದೆ. ಕಿವಿ ನಾಣಿಯದು, ಅವನು ಬೆದರಿದುದು ಸಹಜ. ಆದರೆ ಚಿತ್ರ ಆ ಬೆದರಿಕೆಯಲ್ಲಿ ನಿಲ್ಲುವುದಿಲ್ಲ. ಜೀವಂತಳಾದ ಮಗಳಿಗೆ ತಂದೆಯೇ ಶ್ರಾದ್ಧ ಮಾಡಿ ಮಡಕೆಯನ್ನು ಒಡೆಯುವಾಗ ಮತ್ತೆ ಮಂತ್ರದ ಲೋಕಕ್ಕೆ ಮರಳುತ್ತೇವೆ. ಆಗ ಆ ಶಾಸ್ತ್ರಬದ್ಧವಾದ ನಾದ ನಮ್ಮ ಕಿವಿಗೆ ಹಿಂದಿನಂತೆ ಕೇಳುವುದಿಲ್ಲ. ರಾತ್ರಿಯ ಬಡಿತ ಅವಳ ನೋವಿಗೆ ಕುರುಡಾಗಿತ್ತು, ಅಷ್ಟೆ. ಹಗಲಿನ ಘೋಷವಾದರೋ ಅವಳನ್ನು ಗುರಿಯಿಟ್ಟು, ಹೆಸರು ಹಿಡಿದು ಹೊರಗೆ ನೂಕುತ್ತದೆ. ಎರಡರಲ್ಲಿ ಕ್ರೂರವಾದುದು ಯಾವುದೆಂಬುದನ್ನು ಯಾವ ಮಾತಿನ ನೆರವೂ ಇಲ್ಲದೆ ನಾದವೇ ತಿಳಿಸುತ್ತದೆ. ಭೀತಿಯ ಸ್ಥಾನ ಕಾಡಿನಿಂದ ಮನೆಯೊಳಕ್ಕೆ ಬಂದಿತು. ಈ ಸ್ಥಾನಪಲ್ಲಟವೇ ಈ ಸಂಗೀತದ ಮುಖ್ಯವಾದ ಸಾಧನೆಯೆಂದು ನಮ್ಮ ಅಭಿಪ್ರಾಯ. ಆದರೂ ಸಮಾಧಾನ ಪೂರ್ಣವಲ್ಲ. ಆ ರಾತ್ರಿ ವಾದ್ಯವನ್ನು ಬಾರಿಸಿದವರು ಯಾರು, ಅವರಿಗೆ ಆ ಬಡಿತ ಏನಾಗಿತ್ತು ಎಂಬುದು ‘ಘಟಶ್ರಾದ್ಧ’ದ ಕಿವಿಗೆ ಎಟುಕದು. ಎರಡೂ ಚಿತ್ರಗಳನ್ನು ಒಟ್ಟಿಗೆ ಕೇಳಿದವನಿಗೇ ಉತ್ತರ ದೊರೆಯುವುದು.

ಕಾರಂತರ ಇನ್ನೊಂದು ಮಿತಿಯನ್ನೂ ಹೇಳಬೇಕು. ರಂಗಭೂಮಿಯಲ್ಲಿ ಸಂಗೀತಕ್ಕೆ ಸಭೆಯ ಚೆದರಿದ ಗಮನವನ್ನು ಒಂದೆಡೆ ತರುವ ಹೊಣೆಯುಂಟು. ಆದ್ದರಿಂದ ಅಲ್ಲಿ ಪೆಟ್ಟು ದಪ್ಪವಾಗಿ ಬೀಳಬೇಕು. ಚಲಚ್ಚಿತ್ರದಲ್ಲಿ ಆ ಕೆಲಸವನ್ನು ಸಮೀಪಚಿತ್ರವೇ ಮಾಡಿಬಿಟ್ಟಿರುತ್ತದೆ. ರಂಗದ ಅಭ್ಯಾಸಬಲದಿಂದ ಪೆಟ್ಟು ಅಲ್ಲಿಯೂ ಬಿದ್ದರೆ ಅಡಿಗೆರೆಯ ಮೇಲೆ ಅಡಿಗೆರೆ ಎಳೆದಂತಾಗುತ್ತದೆ. ರಾಜೀವರ ಅಪಾಯ ಕಛೇರಿಯ ಅಖಂಡತೆಯಾದರೆ, ಕಾರಂತರದು ರಂಗದ ಒತ್ತು. ಇಬ್ಬರೂ ತಮ್ಮ ಉತ್ತಮವಾದ ಕ್ಷಣಗಳಲ್ಲಿ ತಾವು ಬಂದ ಮನೆಯನ್ನು ಮರೆತು ಚಿತ್ರದ ಮನೆಯಲ್ಲಿ ವಾಸಿಸಿದರು.

೬

ಇದು ಹಳೆಯ ಕಥೆಯಲ್ಲವೆ, ಇದರಿಂದ ಇಂದಿನವರಿಗೆ ಏನು ಎಂದು ಕೇಳಬಹುದು. ಈಗ ಗಣಕಯಂತ್ರದ ನೆರವಿನಿಂದ ಒಬ್ಬನೇ ತನ್ನ ಕೋಣೆಯಲ್ಲಿ ಕುಳಿತು ಇಡೀ ಚಿತ್ರಕ್ಕೆ ಸಂಗೀತವನ್ನು ಕಟ್ಟಬಲ್ಲ. ಯಾವ ಸದ್ದನ್ನಾದರೂ ಹಿಡಿದು, ನೀಳಗೊಳಿಸಿ, ತಲೆಕೆಳಗಾಗಿಸಿ, ಮಂದ್ರಕ್ಕಿಳಿಸಬಹುದು. ಘಟಕ್, ಕಾರಂತರು ಬಹು ಪ್ರಯಾಸದಿಂದ ಸಾಧಿಸಿದ ಸ್ವಾತಂತ್ರ್ಯ ಈಗ ಸುಲಭಲಭ್ಯ; ಸ್ವಲ್ಪ ಹಣದಲ್ಲಿ ಚಿತ್ರ ಮಾಡುವವರಿಗೆ ಇದು ದೊಡ್ಡ ಉಪಕಾರ. ಆದರೆ ಸುಲಭವಾದುದು ಬೇಗನೆ ರೂಢಿಯಾಗುತ್ತದೆ. ಮಂದ್ರದಲ್ಲಿ ಎಡೆಬಿಡದೆ ಗುಂಯ್ಗುಡುವ ಒಂದೇ ಸ್ವರವನ್ನು ಹರಡಿದರೆ ಯಾವ ದೃಶ್ಯಕ್ಕಾದರೂ ಗಾಂಭೀರ್ಯದ ಸೋಗು ಬರುತ್ತದೆ. ಅದು ಕೊಂಕಣದ ಮನೆಗೂ ಒಪ್ಪುತ್ತದೆ, ಕೊಡಗಿನ ತೋಟಕ್ಕೂ ಒಪ್ಪುತ್ತದೆ. ಎಲ್ಲಕ್ಕೂ ಒಪ್ಪುವುದರಿಂದಲೇ ಯಾವುದಕ್ಕೂ ಸೇರಿದುದಲ್ಲ. ಭರತನ ಆಂತರಾ ಹೊಸ ವೇಷದಲ್ಲಿ ಮರಳಿ ಬಂದಿದೆಯಷ್ಟೆ. ಹಿಂದೆ ಪಿಟೀಲುಗಳು ಮುಚ್ಚುತ್ತಿದ್ದ ತೂತನ್ನು ಈಗ ಈ ಗುಂಜಾರವ ಮುಚ್ಚುತ್ತಿದೆ.

ತಂಬೂರಿಯೂ ಒಂದೇ ಸ್ವರವನ್ನು ಮೀಟುವುದಲ್ಲವೆ ಎಂಬ ಆಕ್ಷೇಪಣೆ ಬರಬಹುದು. ತಂಬೂರಿಯ ಶ್ರುತಿ ಅದರ ಮೇಲೆ ನಿಂತು ಹಾಡುವವನಿಗಾಗಿ ಇದೆ. ಹಾಡುವವನು ತಪ್ಪಿದರೆ ಅದು ತೋರಿಸಿಕೊಡುತ್ತದೆ. ಇಲ್ಲಿನ ಗುಂಜಾರವ ಯಾವ ತಪ್ಪನ್ನೂ ತೋರಿಸದು, ಎಲ್ಲವನ್ನೂ ಮನ್ನಿಸುತ್ತದೆ. ಶ್ರುತಿಗೂ ಮುಸುಕಿಗೂ ಇರುವ ವ್ಯತ್ಯಾಸ ಇದು.

೭

ಕೊನೆಯದಾಗಿ ಸಂಶೋಧಕರ ಗಮನಕ್ಕೆ ಒಂದು ಮಾತು. ಕವಿಯ ಕೃತಿ ಪುಸ್ತಕವಾಗಿ ಉಳಿಯುತ್ತದೆ. ಹಾಡು ಮುದ್ರಿಕೆಯಾಗಿ ಬೇರೆಯಾಗಿ ಉಳಿಯುತ್ತದೆ. ಪರಿಸರಸಂಗೀತಕ್ಕೆ ಚಿತ್ರದ ಧ್ವನಿಪಥವಲ್ಲದೆ ಬೇರೆ ಹಸ್ತಪ್ರತಿಯಿಲ್ಲ. ಅಲ್ಲಿ ಮಾತು, ಸದ್ದು, ಸಂಗೀತ ಮೂರೂ ಬೆರೆತುಹೋಗಿವೆ. ಪ್ರತಿ ಸವೆದರೆ ಕೃತಿಯೇ ಸವೆಯಿತು. ‘ಘಟಶ್ರಾದ್ಧ’ ಪುನರುದ್ಧಾರಗೊಂಡು ೨೦೨೪ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಪ್ರದರ್ಶಿತವಾದುದು ಸಂತೋಷದ ವಿಷಯ. ಆದರೆ ಪುನರುದ್ಧಾರ ಸಾಧ್ಯವಾಗುವುದು ಒಂದೆರಡು ಕೃತಿಗಳಿಗೆ; ಉಳಿದವುಗಳ ಗತಿಯನ್ನು ಯೋಚಿಸಬೇಕಾಗಿದೆ. ಪ್ರಾಚೀನ ಕಾವ್ಯಗಳ ಪಾಠಾಂತರಗಳನ್ನು ಗುರುತಿಸಿಟ್ಟಷ್ಟೇ ಶ್ರದ್ಧೆಯಿಂದ, ಒಂದೊಂದು ಚಿತ್ರದಲ್ಲಿಯೂ ಯಾವ ದೃಶ್ಯದಲ್ಲಿ ಯಾವ ವಾದ್ಯ, ಎಷ್ಟು ಹೊತ್ತು, ಎಲ್ಲಿ ಮೌನ ಎಂಬುದನ್ನು ಪಟ್ಟಿಮಾಡಿಡುವ ಕೆಲಸ ನಡೆಯಬೇಕು. ಆ ಮುದ್ರಣಗಳಲ್ಲಿ ವಾದ್ಯ ನುಡಿಸಿದವರು ಇನ್ನೂ ಇರುವಾಗಲೇ ಅವರ ಹೇಳಿಕೆಗಳನ್ನು ಬರೆದುಕೊಳ್ಳಬೇಕು.

ಒಳ್ಳೆಯ ಹಿನ್ನೆಲೆಸಂಗೀತವೆಂದರೆ ಕಿವಿಗೆ ಗೊತ್ತಾಗದೆ ಹೋಗುವುದು ಎಂದು ಹೇಳುವ ವಾಡಿಕೆಯುಂಟು. ಮೇಲ್ಕಂಡ ನಿದರ್ಶನಗಳು ಆ ಮಾತನ್ನು ಸಮರ್ಥಿಸುವುದಿಲ್ಲ. ಸರ್ವಜಯೆಯ ಬಾಯಿಂದ ಬಂದ ತಾರಶಹನಾಯಿ, ಮೆಟ್ಟಿಲ ಮೇಲಿನ ಚಾವಟಿ, ಬಾಗಿಲ ಹಿಂದೆ ನಿಂತುಹೋದ ದುಡಿ, ಇವುಗಳಲ್ಲಿ ಯಾವುದೂ ಗೊತ್ತಾಗದೆ ಹೋಗುವಂಥದಲ್ಲ. ಅವು ಕೇಳುತ್ತವೆ, ಕೇಳಿದವನನ್ನು ಸುಮ್ಮನಿರಗೊಡುವುದಿಲ್ಲ. ಅವುಗಳಿಗೆ ಸಲ್ಲಬೇಕಾದುದು ಕೇಳಿಸಿಕೊಂಡು ಬರೆಯುವ ವಿಮರ್ಶೆ.